ಆಕಾಶದ ಗುಮಾಸ್ತ

ರಾತ್ರಿಯ ಆಕಾಶ ನೋಡುವುದನ್ನು ಕಲಿಸುವ ಯಾವ ಕೈಪಿಡಿಯನ್ನಾದರೂ ತೆರೆದು ನೋಡಿ. ನಾಲ್ಕು ಪುಟ ತಿರುವುವಷ್ಟರಲ್ಲಿ ಎಂ 31, ಎಂ 42, ಎಂ 45 ಎಂಬ ಗುರುತುಗಳು ಕಣ್ಣಿಗೆ ಬೀಳುತ್ತವೆ. ಆಂಡ್ರೊಮಿಡಾ ಗ್ಯಾಲಕ್ಸಿ ಎಂ 31. ಮಹಾವ್ಯಾಧನ ಸೊಂಟಪಟ್ಟಿಯ ಕೆಳಗೆ ಮಂಜಿನ ಹನಿಯಂತೆ ಕಾಣುವ ನೀಹಾರಿಕೆ ಎಂ 42. ನಮ್ಮ ಅಜ್ಜಿಯರಿಗೂ ಗೊತ್ತಿದ್ದ ಕೃತ್ತಿಕೆ ಎಂ 45. ಮೊಬೈಲಿನಲ್ಲಿರುವ ಆಕಾಶದ ಆ್ಯಪ್‌ಗಳೂ ಇದೇ ಗುರುತನ್ನು ತೋರಿಸುತ್ತವೆ.

ಎಂ ಅಂದರೆ ಮೆಸಿಯೆ. ಪೂರ್ತಿ ಹೆಸರು ಶಾರ್ಲ್ ಮೆಸಿಯೆ. ಇಂಗ್ಲಿಷ್ ಉಚ್ಚಾರಣೆಯಲ್ಲಿ ಚಾರ್ಲ್ಸ್ ಮೆಸ್ಸಿಯರ್ ಆಗಿರುವವನೂ ಇವನೇ. ಫ್ರಾನ್ಸಿನವನು, ತೀರಿಕೊಂಡು 200 ವರ್ಷ ದಾಟಿದೆ. ಅವನು ಪ್ರೊಫೆಸರ್ ಆಗಿರಲಿಲ್ಲ, ಗಣಿತಜ್ಞನೂ ಆಗಿರಲಿಲ್ಲ. ಕೈಬರಹ ಅಂದವಾಗಿದೆ ಎಂಬ ಕಾರಣಕ್ಕೆ ಕೆಲಸ ಸಿಕ್ಕಿದ ಗುಮಾಸ್ತ. ಇನ್ನೂ ವಿಚಿತ್ರವೆಂದರೆ, ಜಗತ್ತಿನ ಹವ್ಯಾಸಿ ವೀಕ್ಷಕರೆಲ್ಲ ಇಂದು ಹುಡುಕಿ ಹುಡುಕಿ ನೋಡುವ ಅವನ ಪಟ್ಟಿ, ಅವನ ಮಟ್ಟಿಗೆ ನೋಡಬೇಕಾದವುಗಳ ಪಟ್ಟಿಯಾಗಿರಲಿಲ್ಲ. ಕಣ್ಣಿಗೆ ಬಿದ್ದರೆ ಬಿಟ್ಟು ಮುಂದೆ ಹೋಗಬೇಕಾದವುಗಳ ಪಟ್ಟಿಯಾಗಿತ್ತು.

ನಾನು ಕೆಜಿಎಫ್‌ನವನು, ಬಿಇ ಓದುತ್ತಿದ್ದೇನೆ. ಬಂಗಾರಪೇಟೆ ಜಂಕ್ಷನ್ನಿನಲ್ಲಿ ರೈಲಿಗೆ ಕಾಯುವ ನಮ್ಮ ಗುಂಪಿನ ಮಾತೆಲ್ಲ ಈಗ ಪ್ಲೇಸ್‌ಮೆಂಟ್, ಬ್ಯಾಕ್‌ಲಾಗ್, ಕಟ್‌ಆಫ್ ಸುತ್ತಲೇ ತಿರುಗುತ್ತದೆ. ಮಾಡಿದ ಕೆಲಸಕ್ಕೆ ಬೆಲೆ ಸಿಗುತ್ತದೆಯೇ ಎಂಬ ಪ್ರಶ್ನೆ ಆ ಮಾತಿನ ಅಡಿಯಲ್ಲಿ ಯಾವಾಗಲೂ ಇರುತ್ತದೆ. ಮೆಸಿಯೆಯ ಬದುಕು ಆ ಪ್ರಶ್ನೆಗೆ ಸಿದ್ಧ ಉತ್ತರ ಕೊಡುವುದಿಲ್ಲ. ಆದರೂ ಅದನ್ನು ಗೆಳೆಯರ ಮುಂದಿಡಬೇಕು ಅನ್ನಿಸಿತು.

ಕೈಬರಹಕ್ಕೆ ಸಿಕ್ಕ ಕೆಲಸ

ಮೆಸಿಯೆ ಹುಟ್ಟಿದ್ದು 1730ರ ಜೂನ್ 26ರಂದು, ಲೊರೇನ್ ಸೀಮೆಯ ಬಾದೊನ್ವಿಲೆ ಎಂಬ ಚಿಕ್ಕ ಊರಿನಲ್ಲಿ. ಹನ್ನೆರಡು ಮಕ್ಕಳಲ್ಲಿ ಹತ್ತನೆಯವನು. ಒಡಹುಟ್ಟಿದವರಲ್ಲಿ ಆರು ಮಂದಿ ಎಳವೆಯಲ್ಲೇ ತೀರಿಕೊಂಡರು. ಅವನಿಗೆ 11 ವರ್ಷವಾದಾಗ ತಂದೆಯೂ ಹೋದರು. ಆಟವಾಡುತ್ತ ಕಿಟಕಿಯಿಂದ ಬಿದ್ದು ತೊಡೆಯ ಮೂಳೆ ಮುರಿದುಕೊಂಡದ್ದೂ ಹುಡುಗತನದಲ್ಲೇ. ಶಾಲೆ ಅಲ್ಲಿಗೆ ನಿಂತಿತು. ಅಣ್ಣ ಯಾಸಿಂತ್ ಅವನನ್ನು ಮನೆಯಲ್ಲೇ ಕೂರಿಸಿಕೊಂಡು ಕಚೇರಿ ಕೆಲಸ ಕಲಿಸಿದ. ಪತ್ರಗಳನ್ನು ಅಚ್ಚುಕಟ್ಟಾಗಿ ನಕಲು ಮಾಡುವುದು, ಲೆಕ್ಕ ಬರೆಯುವುದು, ಸಣ್ಣ ವಿವರವನ್ನೂ ಬಿಡದೆ ದಾಖಲಿಸುವುದು. ಇದೇ ಅವನ ವಿದ್ಯೆ.

ಆಕಾಶದ ಹುಚ್ಚು ಹಿಡಿದದ್ದು 1744ರಲ್ಲಿ. ಆ ವರ್ಷ ಬೀಸಣಿಗೆಯಂತೆ ಆರು ಬಾಲ ಹರಡಿಕೊಂಡ ದೊಡ್ಡ ಧೂಮಕೇತು ಬಂದಿತ್ತು. ನಾಲ್ಕು ವರ್ಷಗಳ ನಂತರ, 1748ರ ಜುಲೈ 25ರಂದು, ತನ್ನೂರಿನಿಂದಲೇ ಸೂರ್ಯಗ್ರಹಣ ನೋಡಿದ. ಆದರೆ ಹೊಟ್ಟೆಪಾಡಿಗೆ ಕೆಲಸ ಬೇಕಲ್ಲ. 1751ರ ಅಕ್ಟೋಬರಿನಲ್ಲಿ, 21ನೇ ವಯಸ್ಸಿನಲ್ಲಿ, ಪ್ಯಾರಿಸ್ಸಿಗೆ ಬಂದಿಳಿದ. ಕೈಯಲ್ಲಿ ಪದವಿ ಇರಲಿಲ್ಲ. ಇದ್ದದ್ದು ಅಂದವಾದ ಅಕ್ಷರ, ಸ್ವಲ್ಪ ಚಿತ್ರ ಬರೆಯುವ ಕೈ.

ಕೆಲಸ ಕೊಟ್ಟವನು ಜೋಸೆಫ್ ನಿಕೊಲಾ ದೆಲಿಲ್ ಎಂಬ ವಯಸ್ಸಾದ ಖಗೋಳಜ್ಞ. ಫ್ರೆಂಚ್ ನೌಕಾಪಡೆಯ ಖಗೋಳ ವೀಕ್ಷಣೆಯ ಹೊಣೆ ಅವನ ಮೇಲಿತ್ತು. ಅವನು ಹೊಸ ಗುಮಾಸ್ತನಿಗೆ ಕೊಟ್ಟ ಮೊದಲ ಕೆಲಸ ಆಕಾಶದ್ದಲ್ಲ, ಚೀನಾದ ಮಹಾಗೋಡೆಯ ದೊಡ್ಡ ನಕ್ಷೆಯನ್ನು ನಕಲು ಮಾಡುವುದು. ಸಣ್ಣ ಸಂಬಳ, ಊಟ, ಇರಲು ಜಾಗ. ದೆಲಿಲ್‌ನ ವೀಕ್ಷಣಾಲಯ ಪ್ಯಾರಿಸ್ಸಿನ ಕ್ಲೂನಿ ಭವನ ಎಂಬ ಹಳೆಯ ಕಟ್ಟಡದ ಗೋಪುರದ ಮೇಲಿತ್ತು. ಅಲ್ಲಿಯ ಕಾರ್ಯದರ್ಶಿ ಮೆಸಿಯೆಗೆ ಉಪಕರಣಗಳನ್ನು ಬಳಸುವುದನ್ನು ಕಲಿಸಿಕೊಟ್ಟ. 1753ರ ಮೇ 6ರಂದು ಬುಧ ಗ್ರಹ ಸೂರ್ಯನ ಮುಂದೆ ಹಾದುಹೋದದ್ದನ್ನು ಮೆಸಿಯೆ ದಾಖಲಿಸಿದ. ಅವನ ಹೆಸರಿನಲ್ಲಿ ಉಳಿದಿರುವ ಮೊದಲ ವೀಕ್ಷಣೆ ಅದು. ಮರುವರ್ಷ ನೌಕಾಪಡೆಯ ಗುಮಾಸ್ತನಾಗಿ ಅವನ ಕೆಲಸ ಕಾಯಂ ಆಯಿತು. ಈಗಿನ ಮಾತಿನಲ್ಲಿ ಹೇಳುವುದಾದರೆ ಡೇಟಾ ಎಂಟ್ರಿಗೆ ಸೇರಿದವನು ಲ್ಯಾಬಿನೊಳಗೆ ಹೋದ.

ತಪ್ಪು ನಕ್ಷೆ, ಮುಚ್ಚಿಟ್ಟ ಸುದ್ದಿ

ಆ ಕಾಲದ ಖಗೋಳಜ್ಞರೆಲ್ಲ ಒಂದು ಧೂಮಕೇತುವಿಗಾಗಿ ಕಾಯುತ್ತಿದ್ದರು. 1682ರಲ್ಲಿ ಕಂಡ ಧೂಮಕೇತು ಸುಮಾರು 76 ವರ್ಷಕ್ಕೊಮ್ಮೆ ಮರಳುತ್ತದೆ, 1758ರ ಕೊನೆಯ ಹೊತ್ತಿಗೆ ಮತ್ತೆ ಕಾಣಬೇಕು ಎಂದು ಇಂಗ್ಲೆಂಡಿನ ಎಡ್ಮಂಡ್ ಹ್ಯಾಲಿ ಲೆಕ್ಕ ಹಾಕಿದ್ದ. ಹ್ಯಾಲಿ ತೀರಿಕೊಂಡಿದ್ದರೂ ಅವನ ಲೆಕ್ಕ ಉಳಿದಿತ್ತು. ಧೂಮಕೇತು ಬಂದರೆ ನ್ಯೂಟನ್‌ನ ಗುರುತ್ವ ನಿಯಮಕ್ಕೇ ದೊಡ್ಡ ಗೆಲುವು.

ಅದು ಆಕಾಶದ ಯಾವ ಭಾಗದಲ್ಲಿ ಮೊದಲು ಕಾಣಬಹುದು ಎಂದು ದೆಲಿಲ್ ನಕ್ಷೆ ಬರೆದ. ಮೆಸಿಯೆ ಆ ನಕ್ಷೆ ಹಿಡಿದು ರಾತ್ರಿಗಟ್ಟಲೆ ಹುಡುಕಿದ. ನಕ್ಷೆಯೇ ತಪ್ಪಾಗಿತ್ತು. ಅತ್ತ ಜರ್ಮನಿಯ ಡ್ರೆಸ್ಡೆನ್ ಹತ್ತಿರ ಪಾಲಿಚ್ ಎಂಬ ರೈತ 1758ರ ಡಿಸೆಂಬರ್ 25ರ ರಾತ್ರಿ ತನ್ನ ದೂರದರ್ಶಕದಲ್ಲಿ ಧೂಮಕೇತುವನ್ನು ಕಂಡೇಬಿಟ್ಟ. ಸುದ್ದಿ ನಿಧಾನವಾಗಿ ಸಾಗುತ್ತಿದ್ದ ಕಾಲ. ಅದು ಪ್ಯಾರಿಸ್ಸಿಗೆ ಮುಟ್ಟಲಿಲ್ಲ. ಮೆಸಿಯೆ ನಕ್ಷೆಯ ಗೆರೆಯಿಂದ ಆಚೀಚೆಗೂ ಹುಡುಕಲು ಶುರುಮಾಡಿ, 1759ರ ಜನವರಿ 21ರಂದು ಧೂಮಕೇತುವನ್ನು ತಾನಾಗಿಯೇ ಕಂಡುಹಿಡಿದ.

ಆದರೆ ದೆಲಿಲ್ ಅದನ್ನು ಪ್ರಕಟಿಸಲು ಬಿಡಲಿಲ್ಲ. ಗುಟ್ಟಾಗಿ ನೋಡುತ್ತಿರು ಎಂಬುದು ಅವನ ಅಪ್ಪಣೆ. ಕೆಳಗಿನ ನೌಕರ ಏನು ಮಾಡಿಯಾನು? ಎರಡು ತಿಂಗಳಿಗೂ ಹೆಚ್ಚು ಕಾಲ ಮೆಸಿಯೆ ಬಾಯಿ ಬಿಡದೆ ಅಳತೆಗಳನ್ನು ಬರೆಯುತ್ತ ಹೋದ. ಏಪ್ರಿಲ್ 1ರಂದು ಜರ್ಮನಿಯ ಸುದ್ದಿ ಪ್ಯಾರಿಸ್ ತಲುಪಿತು. ಆಗ ದೆಲಿಲ್ ತನ್ನ ಗುಮಾಸ್ತನ ದಾಖಲೆಯನ್ನು ಹೊರಗೆ ತೆಗೆದ. ಇಷ್ಟು ದಿನ ಮುಚ್ಚಿಟ್ಟದ್ದನ್ನು ನಂಬುವುದು ಹೇಗೆ ಎಂದು ಉಳಿದವರು ಅನುಮಾನಪಟ್ಟರು.

ಪ್ರಾಜೆಕ್ಟಿನಲ್ಲಿ ದುಡಿದವನ ಹೆಸರು ಕೊನೆಗೆ ಬರುವುದು, ಅಥವಾ ಬರದೇ ಇರುವುದು ನಮಗೂ ಹೊಸದಲ್ಲ. ಮೆಸಿಯೆ ಕೆಲಸ ಬಿಡಲಿಲ್ಲ, ಜಗಳಕ್ಕೂ ನಿಲ್ಲಲಿಲ್ಲ. ಕೆಲವೇ ವರ್ಷಗಳಲ್ಲಿ ದೆಲಿಲ್ ಹಿಂದೆ ಸರಿದು ವೀಕ್ಷಣಾಲಯವನ್ನು ಅವನ ಕೈಗೆ ಬಿಟ್ಟ. ಅಲ್ಲಿಂದ ಮುಂದೆ ತಾನು ಕಂಡದ್ದನ್ನು ಮೆಸಿಯೆ ತಾನೇ ಪ್ರಕಟಿಸಿದ.

ಮೋಸ ಮಾಡುವ ಮಚ್ಚೆಗಳು

ಹ್ಯಾಲಿ ಧೂಮಕೇತುವಿನ ಹುಡುಕಾಟದ ನಡುವೆ ಇನ್ನೊಂದು ಘಟನೆ ನಡೆದಿತ್ತು. 1758ರ ಆಗಸ್ಟ್ 28ರಂದು ಬೇರೊಂದು ಧೂಮಕೇತುವಿನ ಬೆನ್ನು ಹತ್ತಿದ್ದಾಗ ವೃಷಭ ರಾಶಿಯ ಕೊಂಬಿನ ಬಳಿ ಮೆಸಿಯೆಗೆ ಒಂದು ಮಸುಕು ಮಚ್ಚೆ ಕಂಡಿತು. ನೋಡಲು ಥೇಟ್ ಧೂಮಕೇತು. ಆದರೆ ಮುಂದಿನ ರಾತ್ರಿಗಳಲ್ಲಿ ನೋಡಿದರೆ ಅದು ಇದ್ದಲ್ಲೇ ಇದೆ. ಧೂಮಕೇತು ನಕ್ಷತ್ರಗಳ ನಡುವೆ ದಿನದಿನಕ್ಕೂ ಜಾಗ ಬದಲಿಸುತ್ತದೆ, ಇದು ಅಲುಗಲಿಲ್ಲ. ಮತ್ತೊಬ್ಬರು ಇದನ್ನು ಹೊಸ ಧೂಮಕೇತು ಎಂದು ತಿಳಿದು ರಾತ್ರಿಗಳನ್ನು ಹಾಳುಮಾಡಿಕೊಳ್ಳಬಾರದು ಎಂದು ಅದರ ಸ್ಥಾನವನ್ನು ಅಳೆದು ಬರೆದಿಟ್ಟ. ಅದೇ ಎಂ 1. ಇಂಗ್ಲೆಂಡಿನ ಜಾನ್ ಬೆವಿಸ್ 1731ರಲ್ಲೇ ಅದನ್ನು ನೋಡಿದ್ದ. ಈ ವಿಷಯ ಗೊತ್ತಾದ ಮೇಲೆ ಮೆಸಿಯೆ ತನ್ನ ಪಟ್ಟಿಯಲ್ಲಿ ಬೆವಿಸ್‌ನ ಹೆಸರನ್ನು ದಾಖಲಿಸಿದ.

ಎಂ 1 ಏನೆಂದು ಇಂದು ನಮಗೆ ಗೊತ್ತು. 1054ರಲ್ಲಿ ಚೀನಾದವರು ಹಗಲಲ್ಲೂ ಕಂಡ ನಕ್ಷತ್ರ ಸ್ಫೋಟದ ಅವಶೇಷ ಅದು, ಏಡಿ ನೀಹಾರಿಕೆ. ಅದರ ನಡುವೆ ಸೆಕೆಂಡಿಗೆ ಸುಮಾರು 30 ಸಲ ತಿರುಗುವ ನ್ಯೂಟ್ರಾನ್ ನಕ್ಷತ್ರವಿದೆ. ಮೆಸಿಯೆಗೆ ಮಾತ್ರ ಅದು ದಾರಿ ತಪ್ಪಿಸುವ ಒಂದು ಮಚ್ಚೆ.

ಸಿಗ್ನಲ್ ಪ್ರೊಸೆಸಿಂಗ್ ಓದಿದವರಿಗೆ ಫಾಲ್ಸ್ ಅಲಾರ್ಮ್ ಗೊತ್ತಿರುತ್ತದೆ. ಹುಡುಕುತ್ತಿರುವ ಸಂಕೇತವಲ್ಲದಿದ್ದರೂ ಅದರಂತೆಯೇ ಕಾಣುವ ಸಂಕೇತ. ಮೆಸಿಯೆ ಮಾಡಿದ್ದು ಆಕಾಶದ ಫಾಲ್ಸ್ ಅಲಾರ್ಮ್‌ಗಳ ಪಟ್ಟಿ. 1764ರಲ್ಲಿ ಇದನ್ನೇ ಕ್ರಮವಾಗಿ ಕೈಗೆತ್ತಿಕೊಂಡು ಒಂದೇ ವರ್ಷದಲ್ಲಿ ಎಂ 3ರಿಂದ ಎಂ 40ರವರೆಗೆ ತಲುಪಿದ. ಹಿಂದಿನವರ ಪಟ್ಟಿಗಳನ್ನು ತರಿಸಿಕೊಂಡು ಒಂದೊಂದನ್ನೂ ಮತ್ತೆ ನೋಡಿದ. ಎಂ 40 ಅಂತೂ ನೀಹಾರಿಕೆಯೇ ಅಲ್ಲ, ಅಕ್ಕಪಕ್ಕದ ಎರಡು ನಕ್ಷತ್ರ. ಹಳೆಯ ದಾಖಲೆಯೊಂದು ಅಲ್ಲಿ ಮಸುಕು ಇದೆ ಎಂದಿತ್ತು. ಇಲ್ಲ ಎಂದು ತಿಳಿದ ಮೇಲೂ ಅದನ್ನು ಪಟ್ಟಿಯಲ್ಲಿ ಉಳಿಸಿಕೊಂಡ.

ಮೊದಲ ಪಟ್ಟಿಯ ಕೊನೆಯಲ್ಲಿ ಒಂದು ತಮಾಷೆ ಇದೆ. 1769ರ ಮಾರ್ಚಿನಲ್ಲಿ ಅವನು ಮಹಾವ್ಯಾಧನ ನೀಹಾರಿಕೆ, ಕಟಕ ರಾಶಿಯ ಪುಷ್ಯದ ಗುಚ್ಛ ಮತ್ತು ಕೃತ್ತಿಕೆಯನ್ನು ಸೇರಿಸಿ 45ಕ್ಕೆ ನಿಲ್ಲಿಸಿದ. ಕೃತ್ತಿಕೆಯನ್ನು ಧೂಮಕೇತು ಎಂದು ಯಾರು ತಾನೇ ಭ್ರಮಿಸುತ್ತಾರೆ? ಲಕಾಯ್ ಎಂಬ ಇನ್ನೊಬ್ಬ ಫ್ರೆಂಚ್ ಖಗೋಳಜ್ಞ ದಕ್ಷಿಣದ ಆಕಾಶದಲ್ಲಿ 42 ಕಾಯಗಳ ಪಟ್ಟಿ ಮಾಡಿದ್ದ, ಅದನ್ನು ದಾಟಲೆಂದೇ ಮೆಸಿಯೆ ಹೀಗೆ ಮಾಡಿದ ಎಂದು ಊಹಿಸುವವರಿದ್ದಾರೆ. ನಿಜವಿದ್ದರೂ ಇರಬಹುದು. ಅಂಕಿಯ ಆಸೆ ಗುಮಾಸ್ತನಿಗೂ ಇರುತ್ತದೆ.

ಪಟ್ಟಿ ಬೆಳೆಯುತ್ತ ಹೋಯಿತು. ಪಿಯರ್ ಮೆಶೆನ್ ಎಂಬ ಕಿರಿಯ ಗೆಳೆಯ ತಾನು ಕಂಡವುಗಳನ್ನು ಮೆಸಿಯೆಗೆ ತಿಳಿಸುತ್ತಿದ್ದ. ಮೆಸಿಯೆ ಅವನ್ನು ಪರೀಕ್ಷಿಸಿ, ಮೆಶೆನ್ ಹೆಸರನ್ನು ಹೇಳಿಯೇ ಸೇರಿಸುತ್ತಿದ್ದ. 1781ರಲ್ಲಿ ಸಿದ್ಧವಾದ ಕೊನೆಯ ಪಟ್ಟಿಯಲ್ಲಿ 103 ಕಾಯಗಳಿದ್ದವು. ಮೆಸಿಯೆ ಮತ್ತು ಮೆಶೆನ್ ಕಂಡಿದ್ದರೂ ಪಟ್ಟಿಗೆ ಸೇರದ ಏಳನ್ನು 20ನೇ ಶತಮಾನದವರು ಹಳೆಯ ದಾಖಲೆಗಳಿಂದ ಹುಡುಕಿ ಸೇರಿಸಿದರು. ಈಗ ಒಟ್ಟು 110.

ಇಲ್ಲಿ ನನಗೆ ನಮ್ಮೂರಿನ ಸೈನೈಡ್ ದಿಬ್ಬಗಳು ನೆನಪಾಗುತ್ತವೆ. ಅದಿರನ್ನು ಪುಡಿಮಾಡಿ, ಸೈನೈಡ್ ದ್ರಾವಣದಲ್ಲಿ ಚಿನ್ನ ಕರಗಿಸಿ ತೆಗೆದುಕೊಂಡು, ಉಳಿದ ಮಣ್ಣನ್ನು ನೂರಾರು ಎಕರೆಗಳಲ್ಲಿ ಗುಡ್ಡದಂತೆ ಸುರಿದಿದ್ದಾರೆ. 2001ರ ಫೆಬ್ರುವರಿ 28ರಂದು ಗಣಿ ಮುಚ್ಚಿತು, ದಿಬ್ಬಗಳು ಉಳಿದವು. ಬೇಡವೆಂದು ಬಿಸಾಡಿದ ಆ ಮಣ್ಣಿನಲ್ಲಿ ಇನ್ನೂ ಚಿನ್ನವಿದೆ, ಅದನ್ನು ಮತ್ತೆ ಸಂಸ್ಕರಿಸಬೇಕು ಎಂಬ ಮಾತು ವರ್ಷಗಳಿಂದ ನಡೆಯುತ್ತಿದೆ. ಮೆಸಿಯೆಯ ಪಟ್ಟಿಯಲ್ಲಿ ಆದದ್ದೂ ಅದೇ. ಬೇಡವೆಂದು ಬರೆದಿಟ್ಟದ್ದರಲ್ಲಿ ಸುಮಾರು 40 ಗ್ಯಾಲಕ್ಸಿಗಳಿದ್ದವು, ಲಕ್ಷಾಂತರ ನಕ್ಷತ್ರಗಳ 29 ಗೋಳಗುಚ್ಛಗಳಿದ್ದವು, ನಕ್ಷತ್ರಗಳು ಹುಟ್ಟುವ ಮೋಡಗಳೂ ಸತ್ತ ನಕ್ಷತ್ರಗಳ ಬೂದಿಯೂ ಇದ್ದವು.

ಬಿದ್ದದ್ದು, ಎದ್ದದ್ದು

ಧೂಮಕೇತುಗಳಲ್ಲಿ ಅವನು ಸೋತವನಲ್ಲ. ಅವನ ಹೆಸರಿನಲ್ಲಿ 13 ಧೂಮಕೇತುಗಳಿವೆ. 1770ರ ಜೂನಿನಲ್ಲಿ ಅವನು ಕಂಡ ಒಂದು ಧೂಮಕೇತು ಭೂಮಿಯಿಂದ ಸುಮಾರು 22 ಲಕ್ಷ ಕಿಲೋಮೀಟರ್ ದೂರದಲ್ಲಿ ಹಾದುಹೋಯಿತು. ದಾಖಲಾದ ಧೂಮಕೇತುಗಳಲ್ಲಿ ಭೂಮಿಗೆ ಅಷ್ಟು ಹತ್ತಿರ ಬಂದವು ತೀರ ವಿರಳ. ಫ್ರಾನ್ಸಿನ ದೊರೆ 15ನೇ ಲೂಯಿ ಅವನಿಗೆ ಇಟ್ಟ ಅಡ್ಡಹೆಸರು ಧೂಮಕೇತುಗಳ ಫೆರೆಟ್. ಫೆರೆಟ್ ಎಂದರೆ ಬಿಲಕ್ಕೆ ನುಗ್ಗಿ ಮೊಲ ಹೊರಡಿಸುವ ಪ್ರಾಣಿ. ನಮ್ಮ ಕಡೆ ಮುಂಗುಸಿ ಅನ್ನಬಹುದು.

ಆದರೂ ತನ್ನ ದೇಶದ ವಿಜ್ಞಾನ ಅಕಾಡೆಮಿಯ ಬಾಗಿಲು ಅವನಿಗೆ ಬೇಗ ತೆರೆಯಲಿಲ್ಲ. 1763ರಲ್ಲಿ ಅವನನ್ನು ಆರಿಸಲಿಲ್ಲ. ಸಿದ್ಧಾಂತ ಬರೆಯುವವನಲ್ಲ, ಬರೀ ನೋಡುವವನು ಎಂಬ ತಾತ್ಸಾರವಿತ್ತು. ಲಂಡನ್ನಿನ ರಾಯಲ್ ಸೊಸೈಟಿ 1764ರಲ್ಲೇ ಅವನನ್ನು ಸದಸ್ಯನನ್ನಾಗಿ ಮಾಡಿಕೊಂಡಿತು. ಪ್ಯಾರಿಸ್ಸಿನ ಅಕಾಡೆಮಿ ಒಪ್ಪಿಕೊಂಡದ್ದು 1770ರಲ್ಲಿ, ಅವನಿಗೆ 40 ತುಂಬಿದಾಗ. ಅದೇ ವರ್ಷದ ನವೆಂಬರಿನಲ್ಲಿ ಮದುವೆಯಾಯಿತು. 1772ರ ಮಾರ್ಚ್ 15ರಂದು ಗಂಡುಮಗು ಹುಟ್ಟಿತು. ಎಂಟು ದಿನಕ್ಕೆ ತಾಯಿ, ಹನ್ನೊಂದು ದಿನಕ್ಕೆ ಮಗು ತೀರಿಕೊಂಡವು. ಹೆಂಡತಿಯ ಸಾವಿಗಿಂತ ಕೈತಪ್ಪಿದ ಧೂಮಕೇತುವಿಗಾಗಿ ಅವನು ಹೆಚ್ಚು ಅತ್ತ ಎಂದು ಪ್ಯಾರಿಸ್ಸಿನ ಲೇಖಕನೊಬ್ಬ ಕತೆ ಕಟ್ಟಿ ಹರಡಿದ. ಕೆಲಸದಲ್ಲಿ ಮುಳುಗಿದವನ ಬಗ್ಗೆ ಊರು ಹೀಗೆ ಆಡಿಕೊಳ್ಳುವುದು ಯಾವ ಕಾಲಕ್ಕೂ ಇದ್ದದ್ದೇ. ಅವನು ಮತ್ತೆ ಮದುವೆಯಾದಂತಿಲ್ಲ.

ಗಣಿತ ಅವನ ಕೈಗೆಟುಕುತ್ತಿರಲಿಲ್ಲ. ಧೂಮಕೇತುವಿನ ಸ್ಥಾನಗಳನ್ನು ಅವನು ಅಳೆದು ಕೊಟ್ಟರೆ, ಅದರ ಕಕ್ಷೆಯನ್ನು ಲೆಕ್ಕ ಹಾಕುತ್ತಿದ್ದವನು ಬೊಶಾರ್ ದ ಸರೋನ್ ಎಂಬ ಶ್ರೀಮಂತ ನ್ಯಾಯಾಧೀಶ. ಈ ಜೋಡಿ ಬಹಳ ವರ್ಷ ಸಾಗಿತು. 1781ರ ನವೆಂಬರ್ 6ರಂದು ಇಬ್ಬರೂ ಪ್ಯಾರಿಸ್ಸಿನ ತೋಟವೊಂದರಲ್ಲಿ ಅಡ್ಡಾಡುತ್ತಿದ್ದರು. ಬಾಗಿಲು ತೆರೆದಿದ್ದ ಒಂದು ಕೋಣೆಗೆ ಮೆಸಿಯೆ ಕಾಲಿಟ್ಟ. ಅದು ಮಂಜುಗಡ್ಡೆ ಕೂಡಿಡುವ ನೆಲಮಾಳಿಗೆ. ಸುಮಾರು 25 ಅಡಿ ಕೆಳಗೆ ಬಿದ್ದು ತೋಳು, ತೊಡೆ, ಮಣಿಕಟ್ಟು, ಎರಡು ಪಕ್ಕೆಲುಬು ಮುರಿದುಕೊಂಡ. ಒಂದು ವರ್ಷ ದೂರದರ್ಶಕ ಮುಟ್ಟಲಾಗಲಿಲ್ಲ. 1782ರ ನವೆಂಬರ್ 12ರಂದು ಬುಧ ಮತ್ತೆ ಸೂರ್ಯನ ಮುಂದೆ ಹಾದುಹೋಯಿತು. ಅಷ್ಟರಲ್ಲಿ ಕುಂಟುತ್ತಲೇ ಗೋಪುರ ಹತ್ತಿ ಅವನು ತನ್ನ ಜಾಗದಲ್ಲಿ ಕುಳಿತಿದ್ದ.

ಅವನು ಹಾಸಿಗೆ ಹಿಡಿದಿದ್ದ ಹೊತ್ತಿನಲ್ಲೇ, 1781ರ ಡಿಸೆಂಬರಿನಲ್ಲಿ, ಅವನ ಪಟ್ಟಿಯ ಪ್ರತಿ ಇಂಗ್ಲೆಂಡಿನ ವಿಲಿಯಂ ಹರ್ಷಲ್ ಕೈಗೆ ಸೇರಿತು. ಅದೇ ವರ್ಷ ಯುರೇನಸ್ ಕಂಡುಹಿಡಿದು ಹೆಸರಾಗಿದ್ದ ಹರ್ಷಲ್‌ನ ಬಳಿ ಬಹಳ ದೊಡ್ಡ ದೂರದರ್ಶಕಗಳಿದ್ದವು. ಪಟ್ಟಿಯಲ್ಲಿದ್ದುದನ್ನೆಲ್ಲ ನೋಡಲು ಕುಳಿತ ಅವನು, ತಂಗಿ ಕ್ಯಾರೊಲೀನ್ ನೆರವಿನಿಂದ ಸುಮಾರು 2,500 ಹೊಸ ಕಾಯಗಳನ್ನು ದಾಖಲಿಸಿದ. ಮೆಸಿಯೆಯ 103 ಅದರ ಮುಂದೆ ಚಿಕ್ಕದಾಗಿ ಕಂಡಿರಬೇಕು. ಅವನು ತನ್ನ ಪಟ್ಟಿಯನ್ನು ಮುಂದುವರಿಸಲಿಲ್ಲ. ಧೂಮಕೇತುಗಳ ಹುಡುಕಾಟವನ್ನು ಮಾತ್ರ ಬಿಡಲಿಲ್ಲ.

ಕ್ರಾಂತಿಯ ದಿನಗಳು

1789ರಲ್ಲಿ ಫ್ರಾನ್ಸಿನಲ್ಲಿ ಕ್ರಾಂತಿ ಆಯಿತು. ನೌಕಾಪಡೆಯಿಂದ ಬರುತ್ತಿದ್ದ ಸಂಬಳ ನಿಂತಿತು, ಪಿಂಚಣಿ ಹೋಯಿತು, ಅಕಾಡೆಮಿಯೇ ಮುಚ್ಚಿತು. 60 ದಾಟಿದ ಮೆಸಿಯೆ ರಾತ್ರಿ ದೀಪದ ಎಣ್ಣೆಗೂ ಗೆಳೆಯ ಲಲಾಂಡ್‌ನ ಬಳಿ ಕೈಚಾಚಬೇಕಾಯಿತಂತೆ. ಗಣಿ ಮುಚ್ಚಿದ ಮೇಲೆ ಕೆಜಿಎಫ್‌ನ ಎಷ್ಟೋ ಮನೆಗಳು ಕಂಡ ದಿನಗಳ ಬಗ್ಗೆ ಹಿರಿಯರಿಂದ ಕೇಳಿ ಬೆಳೆದ ನನಗೆ ಇದು ಬರೀ ಫ್ರಾನ್ಸಿನ ಕತೆಯಾಗಿ ಕಾಣುವುದಿಲ್ಲ.

1793ರ ಸೆಪ್ಟೆಂಬರ್ 27ರಂದು ಮೆಸಿಯೆ ಮತ್ತೊಂದು ಧೂಮಕೇತು ಕಂಡ. ಕಕ್ಷೆ ಲೆಕ್ಕ ಹಾಕಬೇಕಿದ್ದ ಸರೋನ್ ಅಷ್ಟರಲ್ಲಿ ಕ್ರಾಂತಿಕಾರಿಗಳ ಸೆರೆಯಲ್ಲಿದ್ದ. ಮೆಸಿಯೆ ಅಳತೆಗಳನ್ನು ಅವನಿಗೆ ತಲುಪಿಸಿದ. ಸಾವು ಎದುರಿಗಿದ್ದರೂ ಸರೋನ್ ಲೆಕ್ಕ ಮುಗಿಸಿ, ಧೂಮಕೇತು ಸೂರ್ಯನ ಹಿಂದಿನಿಂದ ಹೊರಬಂದಾಗ ಎಲ್ಲಿ ಕಾಣಬೇಕು ಎಂದು ತಿಳಿಸಿದ. ಡಿಸೆಂಬರಿನ ಕೊನೆಗೆ ಮೆಸಿಯೆ ಅಲ್ಲಿಗೇ ದೂರದರ್ಶಕ ತಿರುಗಿಸಿದ. ಧೂಮಕೇತು ಅಲ್ಲಿತ್ತು. ಲೆಕ್ಕ ಸರಿಯಾಗಿದೆ ಎಂಬ ಸುದ್ದಿಯನ್ನು ಸೆರೆಮನೆಗೆ ಮುಟ್ಟಿಸಿದ. 1794ರ ಏಪ್ರಿಲ್ 20ರಂದು ಸರೋನ್‌ನ ತಲೆ ಕಡಿದರು.

ಮೆಸಿಯೆ ಬದುಕುಳಿದ. 1806ರಲ್ಲಿ ನೆಪೋಲಿಯನ್ ಅವನಿಗೆ ಲೀಜನ್ ಆಫ್ ಆನರ್ ಪದಕ ಕೊಟ್ಟ. ಎರಡು ವರ್ಷದ ನಂತರ ಮೆಸಿಯೆ ಒಂದು ಕಿರುಹೊತ್ತಿಗೆ ಬರೆದು, 1769ರ ದೊಡ್ಡ ಧೂಮಕೇತು ನೆಪೋಲಿಯನ್ ಹುಟ್ಟಿನ ಸೂಚನೆ ಎಂದ. ಧೂಮಕೇತುವಿಗೂ ಮನುಷ್ಯರ ಹಣೆಬರಹಕ್ಕೂ ಸಂಬಂಧವಿಲ್ಲ ಎಂದು ತೋರಿಸಿಕೊಟ್ಟ ಪೀಳಿಗೆಯವನೇ ಹೀಗೆ ಬರೆದದ್ದು ಬೇಸರದ ಸಂಗತಿ. ಕಷ್ಟ ಕಂಡ ಮುದುಕ ದೊರೆಯ ಕೃಪೆಗೆ ಬಾಗಿದ ಎನ್ನೋಣ. 1815ರಲ್ಲಿ ಪಾರ್ಶ್ವವಾಯು ಹೊಡೆಯಿತು. 1817ರ ಏಪ್ರಿಲ್ 11ರ ನಡುರಾತ್ರಿಯ ಹೊತ್ತಿಗೆ ತೀರಿಕೊಂಡ. ವಯಸ್ಸು 86.

ಪಟ್ಟಿ ಕೈಪಿಡಿಯಾದದ್ದು

ಮೆಸಿಯೆಯ ಧೂಮಕೇತುಗಳನ್ನು ಇಂದು ಹೆಚ್ಚಿನವರು ನೆನೆಯುವುದಿಲ್ಲ. ಪಟ್ಟಿ ಉಳಿಯಿತು. ಏಕೆಂದರೆ ಅದರಲ್ಲಿರುವುದೆಲ್ಲ ಸಣ್ಣ ದೂರದರ್ಶಕಕ್ಕೆ ಸಿಗುವಂಥದ್ದು. ಅವನ ಕನ್ನಡಿಗಳು ಲೋಹದವು, ಬೆಳಕನ್ನು ಬಹಳಷ್ಟು ನುಂಗಿಬಿಡುತ್ತಿದ್ದವು. ಅವನು ಹೆಚ್ಚು ಬಳಸಿದ ಮಸೂರದ ದೂರದರ್ಶಕದ ಅಗಲ ಸುಮಾರು 90 ಮಿಲಿಮೀಟರ್. ಇಂದು ಶಾಲೆಗಳಲ್ಲಿರುವ ನಾಲ್ಕು ಇಂಚಿನ ದೂರದರ್ಶಕ ಅದಕ್ಕಿಂತ ಚೆನ್ನಾಗಿ ತೋರಿಸುತ್ತದೆ. ಹರ್ಷಲ್‌ನ ಪಟ್ಟಿ ದೊಡ್ಡದಾದರೂ ಅದನ್ನು ನೋಡಲು ದೊಡ್ಡ ಉಪಕರಣ ಬೇಕು. ಬಡವನ ಕೈಗೆಟುಕಿದ್ದು ಮೆಸಿಯೆಯ ಪಟ್ಟಿ.

1844ರಲ್ಲಿ ಇಂಗ್ಲೆಂಡಿನ ನೌಕಾಧಿಕಾರಿ ಸ್ಮಿತ್, 1859ರಲ್ಲಿ ವೆಬ್ ಎಂಬ ಪಾದ್ರಿ, ಸಾಮಾನ್ಯರು ಆಕಾಶ ನೋಡಲು ಕೈಪಿಡಿಗಳನ್ನು ಬರೆದರು. ಮೆಸಿಯೆಯ ಮಚ್ಚೆಗಳು ಅಲ್ಲಿ ನೋಡಲೇಬೇಕಾದ ತಾಣಗಳಾದವು. ನಂತರದ ಕೈಪಿಡಿಗಳೂ ಅದೇ ದಾರಿ ಹಿಡಿದವು. ಅವುಗಳಲ್ಲಿ ದೊಡ್ಡದು ಅಮೆರಿಕದ ರಾಬರ್ಟ್ ಬರ್ನ್‌ಹ್ಯಾಮ್ ಬರೆದದ್ದು. 1978ರಲ್ಲಿ ಮೂರು ಸಂಪುಟಗಳಲ್ಲಿ ಬಂತು, 2,000ಕ್ಕೂ ಹೆಚ್ಚು ಪುಟ. ಅವನೂ ಕಾಲೇಜು ಮೆಟ್ಟಿಲು ಹತ್ತದ ಗುಮಾಸ್ತ. 1957ರಲ್ಲಿ ಧೂಮಕೇತು ಕಂಡದ್ದರಿಂದ ವೀಕ್ಷಣಾಲಯದಲ್ಲಿ ಕೆಲಸ ಸಿಕ್ಕಿತ್ತು. ಪುಸ್ತಕ ಹೆಸರು ಮಾಡಿದ ಮರುವರ್ಷವೇ ಆ ಕೆಲಸ ಹೋಯಿತು. ಪಾರ್ಕಿನಲ್ಲಿ ತಾನು ಬರೆದ ಚಿತ್ರಗಳನ್ನು ಮಾರುತ್ತ ಬಡತನದಲ್ಲಿ 1993ರಲ್ಲಿ ಸತ್ತ. ಒಳ್ಳೆಯ ಕೆಲಸ ಉಳಿಯುತ್ತದೆ ಎಂಬುದು ನಿಜ, ಅದು ಮಾಡಿದವನನ್ನು ಸಾಕುತ್ತದೆ ಎಂಬ ಖಾತರಿ ಇಲ್ಲ. ಈ ಎರಡನ್ನೂ ನಾವು ಒಟ್ಟಿಗೇ ತಿಳಿದಿರುವುದು ಒಳ್ಳೆಯದು.

ಕನ್ನಡದಲ್ಲಿ ಈ ಪರಂಪರೆಯ ದೊಡ್ಡ ಹೆಸರು ಜಿ.ಟಿ. ನಾರಾಯಣ ರಾವ್ ಅವರದು. ಮಡಿಕೇರಿಯಲ್ಲಿ ಹುಟ್ಟಿ, ಗಣಿತ ಮೇಷ್ಟ್ರಾಗಿ ದುಡಿದು, ಕನ್ನಡ ವಿಶ್ವಕೋಶದಲ್ಲಿ ವಿಜ್ಞಾನದ ಹೊಣೆ ಹೊತ್ತಿದ್ದ ಅವರ ನಕ್ಷತ್ರ ವೀಕ್ಷಣೆ ಎಂಬ ಪುಸ್ತಕ ಗ್ರಂಥಾಲಯದಲ್ಲಿ ಸಿಕ್ಕರೆ ಬಿಡಬೇಡಿ.

ಕೆಜಿಎಫ್ ಆಕಾಶದಲ್ಲಿ ಮೆಸಿಯೆ

ಮೆಸಿಯೆಯ ಪಟ್ಟಿ ಪ್ಯಾರಿಸ್ಸಿನಲ್ಲಿ ಕುಳಿತು ಮಾಡಿದ್ದು. ಪ್ಯಾರಿಸ್ ಇರುವುದು ಸುಮಾರು 49 ಡಿಗ್ರಿ ಉತ್ತರ ಅಕ್ಷಾಂಶದಲ್ಲಿ, ಕೆಜಿಎಫ್ ಮತ್ತು ಬಂಗಾರಪೇಟೆ ಸುಮಾರು 13 ಡಿಗ್ರಿಯಲ್ಲಿ. ಇದರ ಲಾಭ ನಮಗೆ. ಪಟ್ಟಿಯಲ್ಲಿ ಅತ್ಯಂತ ದಕ್ಷಿಣದಲ್ಲಿರುವುದು ವೃಶ್ಚಿಕದ ಬಾಲದ ಪಕ್ಕದ ಎಂ 7. ಅದು ಪ್ಯಾರಿಸ್ಸಿನಲ್ಲಿ ದಿಗಂತದಿಂದ ಸುಮಾರು ಆರು ಡಿಗ್ರಿ ಮಾತ್ರ ಏಳುತ್ತದೆ. ನಮ್ಮಲ್ಲಿ 42 ಡಿಗ್ರಿ ಏರುತ್ತದೆ. ಮೆಸಿಯೆ ಮನೆಗಳ ಚಾವಣಿಯ ಮೇಲಿನ ಮಬ್ಬಿನಲ್ಲಿ ಹುಡುಕಬೇಕಿದ್ದದ್ದು ನಮಗೆ ಬರಿಗಣ್ಣಿಗೇ ಕಾಣುತ್ತದೆ. ಉತ್ತರದ ತುದಿಯ ಎಂ 82 ಕೂಡ ನಮಗೆ 33 ಡಿಗ್ರಿ ಎತ್ತರಕ್ಕೆ ಬರುತ್ತದೆ. ಅಂದರೆ 110ರಲ್ಲಿ ಒಂದೂ ನಮಗೆ ತಪ್ಪುವುದಿಲ್ಲ.

ಇಷ್ಟೇ ಅಲ್ಲ, ಅವನಿಗೆ ಪ್ಯಾರಿಸ್ಸಿನಿಂದ ಎಂದೂ ಕಾಣದಿದ್ದದ್ದೂ ನಮಗಿದೆ. ಆಕಾಶದ ಅತ್ಯಂತ ಪ್ರಕಾಶಮಾನವಾದ ಗೋಳಗುಚ್ಛ ಒಮೆಗಾ ಸೆಂಟಾರಿ ಅವನ ಪಟ್ಟಿಯಲ್ಲಿಲ್ಲ. ಅವನಿಗೆ ಅದು ದಿಗಂತದ ಕೆಳಗೇ ಇರುತ್ತಿತ್ತು. ಮೇ ತಿಂಗಳ ನಡುವೆ ರಾತ್ರಿ 10ರ ಸುಮಾರಿಗೆ ಚಿತ್ತಾ ನಕ್ಷತ್ರ ನಮ್ಮ ದಕ್ಷಿಣದಲ್ಲಿ ನೆತ್ತಿಯತ್ತ ಏರಿರುತ್ತದೆ. ಅದರ ನೇರ ಕೆಳಗೆ ದಿಗಂತದಿಂದ 30 ಡಿಗ್ರಿ ಎತ್ತರದಲ್ಲಿ ಬೈನಾಕ್ಯುಲರ್ ಹಿಡಿಯಿರಿ. ಹತ್ತಿಯ ಉಂಡೆಯಂತೆ ಕಾಣುವ ಅದರಲ್ಲಿ ಲಕ್ಷಗಟ್ಟಲೆ ನಕ್ಷತ್ರಗಳಿವೆ.

ಶುರುಮಾಡಲು ದೂರದರ್ಶಕ ಬೇಡ, ಸಾಧಾರಣ ಬೈನಾಕ್ಯುಲರ್ ಸಾಕು. ಜನವರಿಯ ರಾತ್ರಿ 8–9ರ ಹೊತ್ತಿಗೆ ಎಂ 45 ಮತ್ತು ಎಂ 42, ಮಾರ್ಚಿನಲ್ಲಿ ನೆತ್ತಿಯ ಹತ್ತಿರ ಎಂ 44, ನವೆಂಬರಿನಲ್ಲಿ ಉತ್ತರಕ್ಕೆ ಎಂ 31. ಕೊನೆಯದರ ಬೆಳಕು ಹೊರಟು ಸುಮಾರು 25 ಲಕ್ಷ ವರ್ಷವಾಗಿದೆ. ಅಮಾವಾಸ್ಯೆಯ ಆಸುಪಾಸಿನ ದಿನ ಆರಿಸಿಕೊಳ್ಳಿ. ನಮ್ಮ ಕಡೆ ಪಶ್ಚಿಮದ ಆಕಾಶ ಬೆಂಗಳೂರಿನ ಬೆಳಕಿನಿಂದ ಬಿಳಿಚಿಕೊಂಡಿರುತ್ತದೆ. ಹಾಗಾಗಿ ಯಾವುದೇ ಮಚ್ಚೆ ಪಶ್ಚಿಮಕ್ಕೆ ವಾಲುವ ಮೊದಲೇ ನೋಡಿ. ಕತ್ತಲು ಬೇಕೆಂದು ಸೈನೈಡ್ ದಿಬ್ಬಕ್ಕೋ ಪಾಳುಬಿದ್ದ ಗಣಿ ಬಯಲಿಗೋ ಹೋಗಬೇಡಿ. ಮೆಸಿಯೆ ಹಗಲಲ್ಲೇ 25 ಅಡಿ ಬಿದ್ದವನು. ಕಾಮಸಮುದ್ರದ ಕಾಡಂಚಿನಲ್ಲಿ ಆನೆಗಳ ಓಡಾಟವಿದೆ. ಮನೆಯ ಮಹಡಿಯೇ ಕ್ಷೇಮ. ಬೀದಿದೀಪಕ್ಕೆ ಬೆನ್ನು ಮಾಡಿ ನಿಂತು, ಕಣ್ಣು ಕತ್ತಲಿಗೆ ಹೊಂದಲು 20 ನಿಮಿಷ ಕೊಡಿ.

ಒಂದು ನೋಟ್‌ಬುಕ್ ಇಟ್ಟುಕೊಳ್ಳಿ. ದಿನಾಂಕ, ಗಂಟೆ, ದಿಕ್ಕು, ಕಂಡದ್ದು, ಇಷ್ಟೇ ಸಾಕು. ಹುಡುಕಿದ್ದು ಸಿಗದಿದ್ದರೆ ಸಿಗಲಿಲ್ಲ ಎಂದೇ ಬರೆಯಿರಿ. ನಾನು ಮತ್ತು ನನ್ನ ಗೆಳೆಯರು ಹೀಗೆ ಬರೆಯುತ್ತ ಇಲ್ಲಿಯವರೆಗೆ 31 ಮುಗಿಸಿದ್ದೇವೆ. ಇದರಿಂದ ರೆಸ್ಯೂಮೆಗೆ ಒಂದು ಸಾಲೂ ಸೇರುವುದಿಲ್ಲ. ಆದರೆ ನೋಡಿದ್ದನ್ನು ನೋಡಿದಂತೆ, ಕಾಣದ್ದನ್ನು ಕಾಣಲಿಲ್ಲವೆಂದು, ಬೇರೆಯವರು ಮೊದಲು ಕಂಡದ್ದನ್ನು ಅವರ ಹೆಸರಿನಲ್ಲೇ ಬರೆಯುವ ಅಭ್ಯಾಸ ಬರುತ್ತದೆ. ಪ್ಯಾರಿಸ್ಸಿಗೆ ಕೆಲಸ ಹುಡುಕಿಕೊಂಡು ಬಂದ 21ರ ಹುಡುಗನ ಬಳಿ ಇದ್ದದ್ದೂ ಹೆಚ್ಚುಕಡಿಮೆ ಅಷ್ಟೇ.